ಮುತ್ತಿಯ ಸೀರೆ ಉಟ್ಟ ಕಲಾವಿದೆ

ಕೊಡಗಿನ ತಿತಿಮತಿ ಹತ್ತಿರದ ಕಾಫಿ ಎಸ್ಟೇಟಿನಲ್ಲಿ ಕೆಲಸಕ್ಕಿದ್ದ ಎರವರ ಬುಡಕಟ್ಟಿನ ಮುತ್ತನಿಗೆ ವರ್ಷದಲ್ಲಿ ಒಂದು ದಿನ ಹೆಣ್ಣಾಗಿರಲು ಊರಿನ ಪರವಾನಗಿ ಇತ್ತು. ಅದು ಬೇಡು ಹಬ್ಬದ ದಿನ. ಅವತ್ತು ಗಂಡಸರು ಸೀರೆ ಉಟ್ಟು, ಡಬ್ಬ ಬಡಿಯುತ್ತಾ, ಎದುರು ಸಿಕ್ಕ ಸಾಹುಕಾರರನ್ನೂ ಬಾಯಿಗೆ ಬಂದಂತೆ ಬೈಯುತ್ತಾರೆ. ಬೈಸಿಕೊಂಡವರು ನಗುತ್ತಾರೆ. ಉಳಿದವರಿಗೆ ಸಂಜೆ ಕಳಚಿಡುವ ವೇಷ ಅದು. ಮುತ್ತನಿಗೆ ಕಳಚಲು ಮನಸ್ಸಿರಲಿಲ್ಲ. ಚಿಕ್ಕಂದಿನಿಂದಲೂ ತನ್ನನ್ನು ತಾನು ಮುತ್ತಿ ಎಂದೇ ಕರೆದುಕೊಂಡವಳು ಅವಳು.

ಒಂದು ವರ್ಷ ಹಬ್ಬದ ಮಾರನೆಯ ದಿನವೂ ಸೀರೆಯಲ್ಲೇ ಗೊಬ್ಬರ ಹಾಕಲು ಬಂದಳು. ಹಿಂದಿನ ದಿನ ಹೊಟ್ಟೆ ಹಿಡಿದುಕೊಂಡು ನಕ್ಕಿದ್ದ ಆಳುಗಳ ಲೆಕ್ಕ ಬರೆಯುವ ರೈಟರ್ ಸತೀಶನೇ ಗೇಟಿನಲ್ಲಿ ತಡೆದ.

"ಹಬ್ಬ ಮುಗೀತಲ್ಲ ಮಾರಾಯ. ಪ್ಯಾಂಟ್ ಹಾಕ್ಕೊಂಡು ಬಾ. ಸಾಹುಕಾರ್ರ ಮಾನದ ಪ್ರಶ್ನೆ."

ಕೂಲಿಯವಳ ಒಂದು ಸೀರೆಗೆ ಹರಿದುಹೋಗುವಂಥ ಮಾನ ಅದು.

ಆ ವರ್ಷದ ಕೊನೆಗೆ ಮಡಿಕೇರಿಯ ಅಧಿಕಾರಿಯೊಬ್ಬರ ಮಗಳು ಆಶ್ರಿತಾ ಎಸ್ಟೇಟಿನ ಕೂಲಿಗಳ ಲೈನ್ ಮನೆಗೆ ಬಂದಳು. ಅಂಚಿನಲ್ಲಿರುವವರ ಲಿಂಗ ಗುರುತಿನ ಬಗ್ಗೆ ಪರ್ಫಾರ್ಮೆನ್ಸ್ ಮಾಡುತ್ತಾಳಂತೆ. ಮೂರು ದಿನ ಚಾಪೆ ಮೇಲೆ ಕೂತು ಮುತ್ತಿಯ ಕತೆ ಕೇಳಿದಳು, ಅತ್ತಳು. ಅಳುವಾಗಲೂ ಫೋನಿನ ರೆಕಾರ್ಡಿಂಗ್ ನಿಲ್ಲಿಸಲಿಲ್ಲ. ಹೊರಡುವಾಗ ಮುತ್ತಿಗಿದ್ದ ಒಂದೇ ಒಳ್ಳೆಯ ಸೀರೆಯನ್ನು ಕೇಳಿ ಪಡೆದು, ಪ್ರದರ್ಶನದ ದಿನ ವೇದಿಕೆಗೆ ಬರಲು ಹೇಳಿದಳು.

"ನಾನೇನು ಮಾಡ್ಬೇಕು ಅಕ್ಕಾ?" ಎಂದಳು ಮುತ್ತಿ.

"ನೀವು ಸುಮ್ನೆ ಕೂತಿದ್ರೆ ಸಾಕು. ನಿಮ್ಮ ಮೌನ ತುಂಬಾ ಪವರ್‌ಫುಲ್."

ಮಡಿಕೇರಿಯ ಸಭಾಂಗಣದಲ್ಲಿ ಆಶ್ರಿತಾ ಕಾಫಿ ಪುಡಿ ಕಲಸಿ ಮುಖಕ್ಕೆ ಬಳಿದುಕೊಂಡು, ಮುತ್ತಿಯ ಸೀರೆ ಉಟ್ಟು, ಮುಕ್ಕಾಲು ಗಂಟೆ ನೆಲದ ಮೇಲೆ ಹೊರಳಾಡಿದಳು. ಮುತ್ತಿ ಪ್ಯಾಂಟು ಷರ್ಟಿನಲ್ಲಿ ವೇದಿಕೆಯ ಮೂಲೆಯಲ್ಲಿ ಕೂತಿದ್ದಳು. ಆಮೇಲೆ ಸಂವಾದ. ನಿವೃತ್ತ ಮೇಷ್ಟ್ರೊಬ್ಬರು, "ಎರವರಲ್ಲಿ ಇಂಥವರು ತಮ್ಮ ಕಷ್ಟ ಹೇಗೆ ಹೇಳ್ಕೋತಾರೆ?" ಎಂದು ಕೇಳಿದರು.

ಮೈಕು ಆಶ್ರಿತಾಳ ಕೈಯಲ್ಲಿತ್ತು. "ಅದಕ್ಕೆ ಅವರ ಹತ್ರ ಭಾಷೆನೇ ಇಲ್ಲ ಸರ್. ಹಾಗಾಗಿ ನಾನು—"

"ಇದೆ," ಎಂದು ಮುತ್ತಿ ಎದ್ದಳು. ಹಬ್ಬದ ಬೈಗುಳ ಶುರುವಾಯಿತು. ಮೊದಲು ಆಶ್ರಿತಾಳಿಗೆ, ಆಮೇಲೆ ಮೇಷ್ಟ್ರಿಗೆ, ಆಮೇಲೆ ಮುಂದಿನ ಸಾಲಿನ ಸಾಹುಕಾರರಿಗೆ. ಇದೂ ಪ್ರದರ್ಶನದ ಭಾಗವೆಂದುಕೊಂಡು ಸಭೆ ಚಪ್ಪಾಳೆ ತಟ್ಟಿತು. ಕಲೆಯ ಹೆಸರಿನಲ್ಲಿ ಉಗಿದರೂ ಒರೆಸಿಕೊಂಡು ಮೆಚ್ಚುವ ಜನ.

ಚಪ್ಪಾಳೆ ನಿಲ್ಲುವವರೆಗೂ ಕಾದ ಮುತ್ತಿ, "ನನ್ನ ಸೀರೆ ಕೊಡಿ," ಎಂದಳು.

"ಆಮೇಲೆ ಕೊಡ್ತೀನಿ," ಆಶ್ರಿತಾ ಪಿಸುಗುಟ್ಟಿದಳು.

"ಈಗ ಕೊಡಿ."

ಟೀ ಶರ್ಟು, ಲೆಗ್ಗಿಂಗ್ಸ್ ಮೇಲೆ ಉಟ್ಟಿದ್ದ ಸೀರೆಯನ್ನು ಆಶ್ರಿತಾ ಬಿಚ್ಚಿ ಕೊಟ್ಟಳು. ಮುತ್ತಿ ಎಲ್ಲರೆದುರು ನಿಧಾನವಾಗಿ ನೆರಿಗೆ ಹಿಡಿದು ಉಟ್ಟು, ಇಳಿದು ಹೋದಳು. ಈಗ ಯಾರಿಗೂ ಚಪ್ಪಾಳೆ ನೆನಪಾಗಲಿಲ್ಲ.

ಸತೀಶನ ಗೇಟಿಗೆ ಅವಳು ಮತ್ತೆ ಹೋಗಲಿಲ್ಲ. ನೆಲ್ಯಹುದಿಕೇರಿಯ ಕಡೆ ಕಾಫಿ ಪಿಕಿಂಗಿಗೆ ಆಳು ಸಿಗದೆ ಒದ್ದಾಡುತ್ತಿದ್ದರು. ಅಲ್ಲಿನ ರೈಟರ್ ಅವಳ ಹೆಸರು ಕೇಳಿ, 'ಮುತ್ತಿ' ಎಂದೇ ಬರೆದುಕೊಂಡ. ಅವನದೇನೂ ದೊಡ್ಡ ಮನಸ್ಸಲ್ಲ, ಕೊಯ್ಯುವವರಿಲ್ಲದೆ ಹಣ್ಣು ಉದುರುತ್ತಿತ್ತು.

ಆಶ್ರಿತಾ ಬೆಂಗಳೂರಿನಲ್ಲಿ ಅದೇ ಪ್ರದರ್ಶನ ಮಾಡಿ, ಕೊನೆಗೆ ಆ ಬೈಗುಳವನ್ನೂ ತಾನೇ ಸೇರಿಸಿಕೊಂಡು, ವಿಡಿಯೋ ಕಳಿಸಿದಳು. ಮುತ್ತಿ ಅರ್ಧ ನೋಡಿದಳು.

"ಬೈಯೋಕೂ ಬರಲ್ಲ ಇವಳಿಗೆ," ಎಂದು ಪಕ್ಕದ ಸಾಲಿನಲ್ಲಿ ಹಣ್ಣು ಕೊಯ್ಯುತ್ತಿದ್ದವಳಿಗೆ ಹೇಳಿ, ಫೋನನ್ನು ಸೊಂಟಕ್ಕೆ ಸಿಕ್ಕಿಸಿಕೊಂಡು ಗಿಡ ಬಗ್ಗಿಸಿದಳು.