ಅವ್ವ ಮುಚ್ಚಿದ ಟಾರ್ಟುಗಳು

ನಮ್ಮ ವಂಶದಲ್ಲಿ ಬಿ.ಕಾಂ. ಪಾಸಾದವಳು ನಾನೇ ಮೊದಲು. ಬಿ.ಕಾಂ. ಬಿಡಿ, ಏಳನೇ ಇಯತ್ತೆ ದಾಟಿದವಳೂ ನಾನೇ ಮೊದಲು. ಕಲಬುರಗಿ ಕಡೆಯಿಂದ ಪುಣೆಗೆ ಗೌಂಡಿ ಕೆಲಸಕ್ಕೆ ಬಂದ ಅಪ್ಪ, ಅವನ ಹಿಂದೆ ತಲೆಯ ಮೇಲೆ ಇಟ್ಟಿಗೆ ಹೊತ್ತು ಬಂದ ಅವ್ವ. ಅವರು ಕಟ್ಟಿದ ಮನೆಗಳಲ್ಲಿ ಯಾರ್ಯಾರೋ ಇದ್ದಾರೆ. ನಾವು ಮಾತ್ರ ಬಿಬವೇವಾಡಿಯಲ್ಲಿ ತಗಡು ಹೊದಿಸಿದ ಎರಡು ಖೋಲಿಯಲ್ಲಿದ್ದೆವು. ಬೆಳಿಗ್ಗೆ ಕಾಲೇಜು, ಮಧ್ಯಾಹ್ನ ಪಕ್ಕದ ಓಣಿಯ ಮಕ್ಕಳಿಗೆ ಪಾಠ, ಸಂಜೆ ಟೈಪಿಂಗ್ ಕ್ಲಾಸು. ಇದನ್ನೆಲ್ಲ ಜಂಬಕ್ಕೇ ಹೇಳುತ್ತಿದ್ದೇನೆ. ಬೆವರು ಸುರಿಸಿ ಪಡೆದದ್ದನ್ನು ಹೇಳಿಕೊಳ್ಳಲು ನಾಚುವ ಅಭ್ಯಾಸ ನನಗಿಲ್ಲ.

ಇಷ್ಟೆಲ್ಲ ಓದಿ ಸೇರಿದ ಕೆಲಸದಲ್ಲಿ ಕಾಯಂ ಆಗಲು ಬೇಕಾದ ವಿದ್ಯೆ ಮಾತ್ರ ಬೇರೆಯೇ ಇತ್ತು. ಹೆಬ್ಬೆರಳ ತುದಿ ಹಿಡಿಸುವಷ್ಟು ಚಿಕ್ಕ ಹಿಟ್ಟಿನ ಬಟ್ಟಲು ಮಾಡಿ, ಅದರೊಳಗೆ ಅಕ್ರೋಟಿನ ಹೂರಣ ತುಂಬಿ, ಸುಡದ ಹಾಗೆ ಬೇಯಿಸುವ ವಿದ್ಯೆ.

ಎಂಬತ್ತರ ಆಸುಪಾಸಿನ ಮಾತು. ಪಂಪು ಮೋಟಾರುಗಳ ಬಿಡಿಭಾಗ ಮಾರುವ ಒಂದು ಖಾಸಗಿ ಕಚೇರಿ. ನಾವು ನಾಲ್ಕು ಜನ ಹುಡುಗಿಯರು, ನಾಲ್ವರೂ ಟೆಂಪರರಿ. ಮೂರು ತಿಂಗಳಿಗೊಮ್ಮೆ ಒಂದು ಚೀಟಿ ಬರುತ್ತಿತ್ತು, ಇನ್ನೂ ಮೂರು ತಿಂಗಳು ಇರಬಹುದು ಅಂತ. ನಮಗಿಂತ ಮುಂಚೆ ಕಾಯಂ ಆದ ಇಬ್ಬರೂ ಮ್ಯಾನೇಜರ ಹೆಂಡತಿ ಭಾನುವಾರ ನಡೆಸುತ್ತಿದ್ದ ಬೇಕಿಂಗ್ ಕ್ಲಾಸಿಗೆ ಹೋದವರು. ಹೋಗಲೇಬೇಕು ಅಂತ ಯಾರೂ ಹೇಳಿರಲಿಲ್ಲ. ಹೋಗದಿದ್ದ ಮೂರನೆಯವಳು ಈಗೆಲ್ಲಿದ್ದಾಳೆ ಅಂತಲೂ ಯಾರಿಗೂ ಗೊತ್ತಿರಲಿಲ್ಲ. ನಮಗೆ ಅಷ್ಟು ಸಾಕಾಯಿತು. ಯುಗಾದಿ ಮುಗಿದ ವಾರವೇ ನಾಲ್ವರೂ ಹಾಜರಾದೆವು, ಪ್ರತಿಯೊಬ್ಬಳೂ ತನಗೆ ಚಿಕ್ಕಂದಿನಿಂದ ಕೇಕು ಮಾಡುವ ಹುಚ್ಚು ಅಂತ ಹೇಳಿಕೊಂಡು.

ಮ್ಯಾನೇಜರ ಹೆಂಡತಿಯನ್ನು ನಾವೆಲ್ಲ ಮ್ಯಾಡಂ ಅನ್ನುತ್ತಿದ್ದೆವು. ಅವರ ಬಂಗಲೆ ಊರಿನ ಇನ್ನೊಂದು ತುದಿಯ ಖಡಕಿಯಲ್ಲಿ. ಅವರ ಅಪ್ಪ ಮಿಲಿಟರಿಯಲ್ಲಿದ್ದವರಂತೆ. ನಾನು ಎರಡು ಬಸ್ಸು ಬದಲಿಸಿ ಹತ್ತು ಗಂಟೆಗೆ ಮುಟ್ಟಬೇಕು. ತಡವಾದರೆ ಮ್ಯಾಡಂ ಗಡಿಯಾರ ನೋಡುತ್ತಿರಲಿಲ್ಲ, ನನ್ನ ಚಪ್ಪಲಿ ನೋಡುತ್ತಿದ್ದರು. ಅಡುಗೆಮನೆಯ ಕಟ್ಟೆಯ ಮೇಲೆ ದುಂಡನೆಯ ಅಲ್ಯುಮಿನಿಯಂ ಓವನ್ನು, ಮುಚ್ಚಳದಲ್ಲಿ ಗಾಜಿನ ಕಿಂಡಿ. ನಾವು ಸರದಿಯ ಮೇಲೆ ಬಗ್ಗಿ ಆ ಕಿಂಡಿಯಲ್ಲಿ ನೋಡಬೇಕು, ನೋಡಿ ಆಶ್ಚರ್ಯಪಡಬೇಕು. ಫ್ಯೂಸು ಹೋದಾಗ ಏನೂ ಆಗಿಲ್ಲವೆಂಬಂತೆ ನಿಲ್ಲಬೇಕು. ಪಾಠದ ಬಹುಭಾಗ ಇಷ್ಟೇ.

ಆ ಹಿಟ್ಟಿನ ಬಟ್ಟಲಿಗೆ ಟಾರ್ಟು ಅಂತ ಹೆಸರು. ಅದರ ವಿಧಾನ ಅಮೆರಿಕದ ಯಾವುದೋ ಮಾಸಿಕದಿಂದ ಕತ್ತರಿಸಿದ ತುಂಡು ಕಾಗದದಲ್ಲಿತ್ತು. ಅದರಲ್ಲಿ ಹೇಳಿದ ಬೀಜ ನಮ್ಮ ದೇಶದಲ್ಲಿ ಸಿಗದು, ಹಾಗಾಗಿ ಬದಲಿಗೆ ಅಕ್ರೋಟು. ಅಂದರೆ ಅಕ್ರೋಟೂ ನಮ್ಮ ಹಾಗೆ ಟೆಂಪರರಿಯೇ. ಒಂದು ನಿಯಮವನ್ನು ಮ್ಯಾಡಂ ವಾರವಾರವೂ ಹೇಳುತ್ತಿದ್ದರು: ಹೂರಣ ಮೇಲೆ ತೆರೆದಿರಬೇಕು, ಅದರ ನಡುವೆ ಅಕ್ರೋಟಿನ ಒಂದು ಚೂರು ಉಂಗುರದ ಹರಳಿನಂತೆ ಕೂತಿರಬೇಕು. ಟಾರ್ಟಿನ ಅಂದವೇ ಅದು.

ಇದನ್ನು ಮನೆಯಲ್ಲಿ ಹೇಳಿದರೆ ಅವ್ವನಿಗೆ ಅರ್ಥವಾಗಲಿಲ್ಲ. ಅಕ್ರೋಟು ಬಿಡಿಸಿ ತೋರಿಸಿದೆ. ಯಾವುದೋ ಸಣ್ಣ ಪ್ರಾಣಿಯ ಮಿದುಳಿನಂತಿದೆ ಎಂದಳು. ಬೆಣ್ಣೆಯ ಅಳತೆ ಕೇಳಿ ಇದು ಯಾರ ಮದುವೆ, ಗುಬ್ಬಿಯದೋ ಎಂದಳು. ತೆರೆದ ಹೂರಣದ ಮಾತು ಬಂದಾಗ ಮಾತ್ರ ನಗಲಿಲ್ಲ. ನಮ್ಮ ಕಡೆಯ ಹೆಂಗಸರಿಗೆ ಹೂರಣ ತುಂಬಿ ಮಡಚಿ ಕರಿಯುವ ಕರ್ಚಿಕಾಯಿಯ ಅಂಚೇ ಮರ್ಯಾದೆ. ಎಣ್ಣೆಯಲ್ಲಿ ಯಾರ ಕರ್ಚಿಕಾಯಿ ಬಾಯಿ ಬಿಟ್ಟಿತೋ ಅವರ ಹೆಸರು ಮುಂದಿನ ದೀಪಾವಳಿಯ ತನಕ ಓಣಿಯ ನಾಲಿಗೆಯ ಮೇಲೆ. ಹೂರಣವನ್ನು ಬೇಕಂತಲೇ ಬಯಲಿಗೆ ಬಿಡುವವರೂ ಇದ್ದಾರೆಂದರೆ ಅವಳು ಹೇಗೆ ನಂಬಬೇಕು?

ದೀಪಾವಳಿಗೆ ಮೂರು ವಾರ ಇರುವಾಗ ಮುಂಬಯಿಯ ಹೆಡ್ಡಾಫೀಸಿನಿಂದ ದೊಡ್ಡ ಸಾಹೇಬರು ಬರುವವರಿದ್ದರು. ಭಾನುವಾರ ಸಂಜೆ ಬಂಗಲೆಯಲ್ಲಿ ಅವರಿಗೆ ಚಹಾ. ಹುಡುಗಿಯರು ತಲಾ ಮೂವತ್ತು ಟಾರ್ಟು ಮನೆಯಿಂದ ಮಾಡಿ ತರಲಿ ಅಂತ ಮ್ಯಾಡಂ ಹೇಳಿ, ಅಚ್ಚುಗಳನ್ನೂ ಅಕ್ರೋಟನ್ನೂ ಹಂಚಿದರು. ಕಾಯಂ ಮಾಡುವ ಪೆನ್ನು ಇದ್ದದ್ದು ಆ ದೊಡ್ಡ ಸಾಹೇಬರ ಜೇಬಿನಲ್ಲಿ ಅನ್ನುವುದು ನಾಲ್ವರಿಗೂ ಗೊತ್ತಿತ್ತು.

ನಮ್ಮ ಮನೆಯಲ್ಲಿ ಓವನ್ನಾದರೂ ಎಲ್ಲಿಯದು? ಆದರೆ ಪುಣೆಯಲ್ಲಿ ದೀಪಾವಳಿ ಹತ್ತಿರವಾದರೆ ಯಾರಿಗೂ ಓವನ್ನು ಬೇಕಿಲ್ಲ. ಮನೆಯಲ್ಲಿ ನಾನಖಟಾಯಿ ಬಿಸ್ಕತ್ತಿನ ಹಿಟ್ಟು ಕಲಸಿ ತಟ್ಟೆಯಲ್ಲಿ ಜೋಡಿಸಿ ಬೇಕರಿಗೆ ಒಯ್ಯುವುದು, ಭಟ್ಟಿಯ ಮುಂದೆ ಸರದಿ ಹಿಡಿಯುವುದು. ಶನಿವಾರ ಮಧ್ಯಾಹ್ನ ನಾನು ಬಟ್ಟಲುಗಳನ್ನು ಅಚ್ಚಿಗೆ ಒತ್ತಿ, ಹೂರಣ ಕುಟ್ಟಿಟ್ಟು, ತುಂಬುವ ಕೆಲಸ ಅವ್ವನಿಗೆ ಒಪ್ಪಿಸಿ ಸರದಿಯ ನಂಬರು ತರಲು ಓಡಿದೆ. ತಿರುಗಿ ಬಂದಾಗ ಮೂವತ್ತೂ ಟಾರ್ಟುಗಳಿಗೆ ಮುಚ್ಚಳ ಬಿದ್ದಿತ್ತು. ಉಳಿದ ಹಿಟ್ಟನ್ನು ಲಟ್ಟಿಸಿ, ಒಂದೊಂದಕ್ಕೂ ಹೊದಿಸಿ, ಸುತ್ತಲೂ ಹಗ್ಗ ಹೊಸೆದಂತೆ ಅಂಚು ಮಡಚಿದ್ದಳು. ಅಷ್ಟೇ ಅಲ್ಲ, ಅಕ್ರೋಟು ಕಹಿ ಅನ್ನಿಸಿತಂತೆ. ಹುರಿದ ಶೇಂಗಾ, ಎಳ್ಳು, ಬೆಲ್ಲ ಸೇರಿಸಿದ್ದಳು.

ನಾನು ಕೂಗಾಡಿದೆ. ನೌಕರಿ ಹೋಯಿತು ಅಂದೆ. ಅವ್ವ ಕೈ ತೊಳೆಯುತ್ತ, "ಬಾಯಿ ಬಿಟ್ಟಿದ್ದು ಕೊಟ್ಟು ಮಂದಿ ಕೈಲಿ ಆಡಿಸ್ಕೋಬ್ಯಾಡ," ಎಂದಳು.

ಬಿಚ್ಚಲು ಹೊತ್ತಿರಲಿಲ್ಲ, ಸರದಿ ತಪ್ಪಿದರೆ ಸೋಮವಾರವೇ. ಒಯ್ದೆ. ಮರಾಠಿಯಲ್ಲಿ ಕರ್ಚಿಕಾಯಿಗೆ ಕರಂಜಿ. ಇವು ಕರಂಜಿಯ ಕೂಸುಗಳೋ ಅಂತ ಭಟ್ಟಿಯವ ಕೇಳಿದ. ಹೌದು, ತೊಟ್ಟಿಲಿನಲ್ಲಿ ಹಾಕಿ ತೂಗು ಎಂದೆ. ನಗುವ ಮನಸ್ಸು ಮಾತ್ರ ಇರಲಿಲ್ಲ.

ಮರುದಿನ ಮ್ಯಾಡಂ ನನ್ನ ಡಬ್ಬಿ ತೆರೆದು ಒಳಗಿದ್ದುದನ್ನು ತಟ್ಟೆಗೆ ಸುರಿದರು. ನನ್ನ ತಟ್ಟೆಯನ್ನು ಮೇಜಿನ ಹಿಂಬದಿಗೆ, ಹೂದಾನಿಯ ಮರೆಗೆ ಸರಿಸಿದರು. ಮುಂದೆ ಉಳಿದ ಮೂವರ ತೊಂಬತ್ತು ಟಾರ್ಟುಗಳು ಹರಳು ತೋರಿಸುತ್ತ ಕೂತಿದ್ದವು. ದೊಡ್ಡ ಸಾಹೇಬರು ಒಂದನ್ನು ಎತ್ತಿದರು. ಸಕ್ಕರೆಯ ಪಾಕ ಇನ್ನೂ ಆರಿರಲಿಲ್ಲ. ತಿಳಿಬಣ್ಣದ ಸಫಾರಿಯ ಮೇಲೆ ಗೆರೆ ಎಳೆದಂತೆ ಇಳಿಯಿತು. ಮ್ಯಾನೇಜರು ಸ್ವತಃ ಕರವಸ್ತ್ರ ಹಿಡಿದು ಒರೆಸಿದರು, ಅದು ಇನ್ನಷ್ಟು ಹರಡಿತು. ಸಾಹೇಬರು ಆಮೇಲೆ ಎಚ್ಚರಿಕೆಯಿಂದ ಕಣ್ಣಾಡಿಸಿ, ಸೋರದ್ದು ಯಾವುದೆಂದು ಹುಡುಕಿ, ಹೂದಾನಿಯ ಹಿಂದೆ ಕೈ ಹಾಕಿದರು. ಒಂದು ತಿಂದರು. ಐದು ತಿಂದರು. ಇದೇನೆಂದು ಕೇಳಿದರು.

ಇದು ನಮ್ಮ ಕ್ಲಾಸಿನ ಹೊಸ ಪ್ರಯೋಗ ಅಂದರು ಮ್ಯಾಡಂ, ಕಣ್ಣು ಮಿಟುಕಿಸದೆ. ನಾನೂ ಬಾಯಿ ಬಿಡಲಿಲ್ಲ. ಯಾರದೋ ಹೆಸರಿಗೆ ಹೋದರೇನು, ನೌಕರಿ ನನ್ನ ಹೆಸರಿಗೆ ಬಂದರಾಯಿತು ಅಂತ ಲೆಕ್ಕ ಹಾಕಿದೆ. ಬಿ.ಕಾಂ. ಕಲಿಸಿದ್ದು ಅದನ್ನೇ.

ಸಾಹೇಬರ ಕಾರು ಹೋದ ಮೇಲೆ ಮ್ಯಾಡಂ ನನ್ನನ್ನು ಪಕ್ಕಕ್ಕೆ ಕರೆದು, ನಿನ್ನ ತಾಯಿಯನ್ನು ಮುಂದಿನ ಭಾನುವಾರ ಕರೆದುಕೊಂಡು ಬಾ, ನಮ್ಮ ಮನೆಯ ದೀಪಾವಳಿಗೆ ಇಂಥವೇ ಇನ್ನೂರು ಬೇಕು ಎಂದರು. ಅವ್ವ ಬಂದಳು. ಓವನ್ನಿನ ಕಿಂಡಿಯಲ್ಲಿ ಬಗ್ಗಿ ನೋಡಲು ಅವಳು ಒಪ್ಪಲಿಲ್ಲ. ವಾಸನೆಯಿಂದ ತಿಳಿಯದಿದ್ದರೆ ಕಣ್ಣಿನಿಂದೇನು ತಿಳಿದೀತು ಅಂತ. ಸಂಜೆಗೆ ಇನ್ನೂರೂ ಮುಗಿದವು. ಮ್ಯಾಡಂ ಒಂದು ಸೀರೆ ತಂದು ಹಿಡಿದರು. ಅವ್ವ ಕೈ ಹಿಂದಕ್ಕೆಳೆದುಕೊಂಡು ನನ್ನ ಕಡೆ ತಿರುಗಿದಳು.

"ಸೀರಿ ಬ್ಯಾಡ. ಮುಂದಿನ ಆಯ್ತಾರ ನಮ್ಮನಿ ಕರ್ಚಿಕಾಯಿ ಅದ, ಮುಯ್ಯಿಗಿ ಬರ್ರಿ ಅಂತ ಹೇಳು ಬಾಯಾರಿಗಿ."

ಅವ್ವ ಮ್ಯಾಡಮ್ಮರನ್ನು ಬಾಯಾರು ಅನ್ನುತ್ತಿದ್ದಳು. ಮುಯ್ಯಿ ನಮ್ಮ ಓಣಿಯ ಪದ್ಧತಿ. ಇವತ್ತು ನಿಮ್ಮ ಮನೆಯ ಕರ್ಚಿಕಾಯಿಗೆ ನಾವು ಕೈ ಹಾಕಿದರೆ ನಾಳೆ ನಮ್ಮ ಮನೆಗೆ ನೀವು ಬಂದು ಕೈ ಹಾಕಬೇಕು. ಅದೇ ಮುಯ್ಯಿ. ಅದಕ್ಕೆ ದುಡ್ಡು ಕೊಡುವುದು ಅವಮಾನ, ಬರದಿರುವುದು ಇನ್ನೂ ದೊಡ್ಡ ಅವಮಾನ. ಆದರೆ ಕಾಯಂ ಆಗಬೇಕಾದ ಹುಡುಗಿ ಮ್ಯಾನೇಜರ ಹೆಂಡತಿಗೆ, ಬಂದು ನಮ್ಮ ಹಿಟ್ಟು ಲಟ್ಟಿಸಿ ಅಂತ ಹೇಳುವುದು ಹೇಗೆ? ನಾನು ಮರಾಠಿಗೆ ತಿರುಗಿಸುವಾಗ ಮಾತನ್ನೇ ತಿರುಗಿಸಿಬಿಟ್ಟೆ: ಅವ್ವ ನಿಮ್ಮನ್ನು ಫರಾಳಕ್ಕೆ, ಹಬ್ಬದ ತಿಂಡಿ ತಿನ್ನಲು, ಕರೆಯುತ್ತಿದ್ದಾಳೆ. ಮ್ಯಾಡಂ ಅಯ್ಯೋ ಪಾಪ ಅನ್ನುವ ಮುಖ ಮಾಡಿ, ಅಗತ್ಯ ಬರುತ್ತೇನೆ ಎಂದರು. ಬರುವುದಿಲ್ಲ ಅಂತ ನಾನು ನಿಶ್ಚಿಂತಳಾಗಿದ್ದೆ.

ಬಂದರು. ರೇಷ್ಮೆ ಸೀರೆ, ಕೈಯಲ್ಲಿ ಪೇಢೆಯ ಪೆಟ್ಟಿಗೆ. ಒಳಗೆ ಓಣಿಯ ಮೂರು ಹೆಂಗಸರು ಚಾಪೆಯ ಮೇಲೆ ಕೂತು ಆಗಲೇ ಕೆಲಸ ಹಿಡಿದಿದ್ದರು. ಅವ್ವ ಪೇಢೆಯನ್ನು ಗೋಡೆಯ ಗೂಡಿನಲ್ಲಿಟ್ಟಳು, ಮ್ಯಾಡಮ್ಮರ ಕೈಗೆ ಲಟ್ಟಣಿಗೆ ಕೊಟ್ಟಳು. ಮ್ಯಾಡಂ ನನ್ನನ್ನು ನೋಡಿದರು. ನಾನು ತಗಡಿನ ಮಾಡು ನೋಡಿದೆ.

ಏನು ತಿಳಿದರೋ, ಸೀರೆ ಸರಿಪಡಿಸಿಕೊಂಡು ಕೂತೇಬಿಟ್ಟರು. ಅವರ ಮೊದಲ ಕರ್ಚಿಕಾಯಿ ಎಣ್ಣೆಗೆ ಬಿದ್ದ ಕ್ಷಣವೇ ಬಿಚ್ಚಿಕೊಂಡು ಬಾಣಲೆ ತುಂಬ ಎಳ್ಳು ತೇಲಿತು. ಎರಡನೆಯದೂ ಹಾಗೆಯೇ. ಹೆಂಗಸರು ಒಬ್ಬರ ಮುಖ ಒಬ್ಬರು ನೋಡಿದರು. ಅವ್ವ ತನ್ನ ಹರಕು ಮರಾಠಿಯಲ್ಲಿ, ಆರು ತಿಂಗಳಿಂದ ನಮ್ಮ ಹುಡುಗಿಗೆ ಇದನ್ನೇ ಕಲಿಸಿದಿರೇನು ಅಂತ ಕೇಳಿದಳು. ಆಮೇಲೆ ಅವರ ಬೆರಳು ಹಿಡಿದು, ಒಂದು ಮಡಿಕೆ, ಒತ್ತು, ಮತ್ತೊಂದು ಮಡಿಕೆ ಅಂತ ತೋರಿಸಿಕೊಟ್ಟಳು. ಖಡಕಿಯಲ್ಲಿ ನಮ್ಮ ಬೆರಳುಗಳನ್ನು ಮ್ಯಾಡಂ ಒಂದು ಸಲವೂ ಮುಟ್ಟಿರಲಿಲ್ಲ, ಚಮಚದ ತುದಿಯಿಂದ ತಟ್ಟುತ್ತಿದ್ದರು. ನನಗೆ ಒಳಗೊಳಗೇ ಹಬ್ಬ. ಮೇಲೆ ಮಾತ್ರ ತಲೆ ತಗ್ಗಿಸಿ ಹೂರಣ ತುಂಬುತ್ತಿದ್ದೆ.

ಹಿಟ್ಟು ಅರ್ಧ ಖರ್ಚಾದಾಗ ಅವ್ವ ತಲೆಯೆತ್ತದೆ ಕೇಳಿದಳು. "ಬಾಯಾರ, ನಮ್ಮ ಹುಡುಗಿ ನೌಕರಿ ಪಕ್ಕಾ ಯಾವಾಗ ಮಾಡಸ್ತೀರಿ?"

ನಾನು ಅಲ್ಲೇ ನೆಲಕ್ಕಿಳಿದು ಹೋಗಬಾರದೇ ಅನ್ನಿಸಿತು. ಮ್ಯಾಡಮ್ಮರಿಗೆ ಕನ್ನಡ ತಿಳಿಯದು. ಅವ್ವ ಅದನ್ನೇ ಮರಾಠಿಯಲ್ಲಿ ಮತ್ತೆ ಕೇಳಿದಳು. ಮ್ಯಾಡಂ ಗಲಿಬಿಲಿಗೊಂಡರು. ಅದು ಶ್ರಾವಣದಲ್ಲೇ ಆಯಿತಲ್ಲ, ನಾಲ್ವರ ಆರ್ಡರೂ ಮುಂಬಯಿಯಿಂದ ಬಂದಿದೆ ಅಂತ ನಮ್ಮ ಯಜಮಾನರು ಆಗಲೇ ಹೇಳಿದ್ದರಲ್ಲ, ನಿನಗೆ ಕೈಗೆ ಸಿಕ್ಕಿಲ್ಲವೇ ಅಂತ ನನ್ನನ್ನೇ ಕೇಳಿದರು.

ಸಿಕ್ಕಿಲ್ಲ ಎಂದೆ. ಅವರು ಲಟ್ಟಣಿಗೆ ಕೆಳಗಿಟ್ಟರು. ಆಮೇಲೆ, ನಾಲ್ಕೂ ಜನ ಭಾನುವಾರ ಭಾನುವಾರ ಬರುತ್ತಿದ್ದುದು ಈ ಕಾಗದಕ್ಕೋ ಅಂತ ಕೇಳಿದರು. ಹೌದು ಎಂದೆ. ಸುಳ್ಳು ಹೇಳಬಹುದಿತ್ತು. ಆದರೆ ಕಾಯಂ ಆಗಿ ಎರಡೂವರೆ ತಿಂಗಳಾಗಿತ್ತಲ್ಲ, ಸುಳ್ಳಿನ ಅಗತ್ಯ ಮುಗಿದಿತ್ತು. ಅವರ ಮುಖ ನೋಡಿದಾಗ ತಿಳಿಯಿತು: ನಾವು ಟಾರ್ಟಿಗಾಗಿಯೇ ಬರುತ್ತಿದ್ದೇವೆ ಅಂತ ಈ ಹೆಂಗಸು ನಿಜವಾಗಿಯೂ ನಂಬಿದ್ದಳು.

"ಕೈ ನಿಲ್ಲಸಬ್ಯಾಡ್ರಿ, ಹಿಟ್ಟು ಒಣಗತದ," ಎಂದಳು ಅವ್ವ.

ಮ್ಯಾಡಂ ಹಿಟ್ಟು ಮುಗಿಯುವ ತನಕ ಎದ್ದು ಹೋಗಲಿಲ್ಲ. ಇದನ್ನು ನಾನು ಅವರ ಪರವಾಗಿ ಹೇಳಲೇಬೇಕು.

ಸೋಮವಾರ ಮ್ಯಾನೇಜರ ಕೋಣೆಗೆ ಹೋಗಿ ನನ್ನ ಕಾಗದ ಕೊಡಿ ಎಂದೆ. ಅವರು ಖಾನೆ ಎಳೆದು, ನಾಲ್ಕು ಲಕೋಟೆಯಲ್ಲಿ ನನ್ನದನ್ನು ಆರಿಸಿ ಕೊಟ್ಟರು. ಹಬ್ಬಕ್ಕೆ ಎಲ್ಲರಿಗೂ ಒಟ್ಟಿಗೆ ಕೊಟ್ಟು ಖುಷಿಪಡಿಸೋಣ ಅಂದುಕೊಂಡಿದ್ದರಂತೆ. ಶ್ರಾವಣದಲ್ಲಿ ಕೊಟ್ಟಿದ್ದರೂ ಖುಷಿಯಾಗುತ್ತಿತ್ತು ಸಾಹೇಬರೆ ಅಂದೆ. ಆ ಮಾತು ನನ್ನ ಧೈರ್ಯದಿಂದ ಹೊರಟದ್ದಲ್ಲ, ಕೈಯಲ್ಲಿದ್ದ ಕಾಗದದಿಂದ ಹೊರಟದ್ದು.

ಮನೆಗೆ ತಂದು ಓದಿ ಹೇಳಿದೆ. ಅಪ್ಪ ಎರಡು ಸಲ ಓದಿಸಿದ. ಅವ್ವ ಕಾಗದವನ್ನು ಬೆಳಕಿಗೆ ಹಿಡಿದು, ಇದರಲ್ಲಿ ಬಾಯಾರ ಸಹಿ ಎಲ್ಲಿದೆ ಅಂತ ಕೇಳಿದಳು. ಅವರ ಸಹಿ ಇರುವುದಿಲ್ಲ, ಇದು ಮುಂಬಯಿಯದು, ತಾರೀಖು ನೋಡು, ನಿನ್ನ ಟಾರ್ಟಿಗೂ ಇದಕ್ಕೂ ಸಂಬಂಧವೇ ಇಲ್ಲ ಅಂತ ವಿವರಿಸಿದೆ.

"ನಿನ್ನಿ ಆಕಿ ಬಂದು ಕುಂತಾಳ, ಇವತ್ತ ಕಾಗದ ಬಂದದ. ನನಗೇನ್ ಕಲಸ್ತಿ?" ಎಂದಳು.

ಬಿ.ಕಾಂ. ಅಲ್ಲಿಗೆ ಸೋತಿತು.

ಹಬ್ಬ ಮುಗಿದ ಮೊದಲ ಭಾನುವಾರ ನಾಲ್ವರಲ್ಲಿ ಒಬ್ಬರೂ ಖಡಕಿಗೆ ಹೋಗಲಿಲ್ಲ. ನಾನು ಹತ್ತು ಗಂಟೆಯ ತನಕ ಮಲಗಿದ್ದೆ. ಮ್ಯಾಡಂ ಆವತ್ತು ಓವನ್ನು ಬಿಸಿಗಿಟ್ಟು ಕಾದರೋ ಇಲ್ಲವೋ, ಕೇಳುವ ಮುಖ ನನಗಿರಲಿಲ್ಲ.