ಓನರ್ ಆಂಟಿ ರೆಕಾರ್ಡ್ ಮಾಡಿದ ಆಟ

ಮೊಬೈಲ್ ಹಿಡಿದರೆ ಓನರ್ ಆಂಟಿಯ ಬಲಗೈಯ ಕಿರುಬೆರಳು ಮಾತ್ರ ಹೊರಗೇ ನಿಲ್ಲುತ್ತಿತ್ತು. ಉಳಿದ ಬೆರಳುಗಳೆಲ್ಲ ಫೋನಿನ ಬೆನ್ನಿಗೆ ಅಂಟಿಕೊಂಡಿದ್ದರೆ ಅದೊಂದು ಸೊಟ್ಟಗೆ ಚಾಚಿಕೊಂಡು, ಮದುವೆಮನೆಯಲ್ಲಿ ಮುನಿಸಿಕೊಂಡ ನೆಂಟನ ಹಾಗೆ ದೂರವೇ ಇರುತ್ತಿತ್ತು. ಮಡಚಲು ಬರುತ್ತಿರಲಿಲ್ಲ. ಏನಾಯಿತು ಎಂದು ಕೇಳಿದಾಗ, ತೆಂಗಿನಕಾಯಿ ಒಡೆಯುವಾಗ ಕತ್ತಿ ತಾಗಿತು ಎಂದಿದ್ದರು. ಕತ್ತಿ ತಾಗಿದರೆ ಬೆರಳು ತುಂಡಾಗಬೇಕೇ ಹೊರತು ಸೊಟ್ಟಗಾಗುವುದಿಲ್ಲ ಎಂಬಷ್ಟು ಬುದ್ಧಿ ಆಗ ನನಗೆ ಓಡಲಿಲ್ಲ.

ಬಿಟಿಎಂ ಲೇಔಟಿನ ಆ ಮನೆಯಲ್ಲಿ ಮಹಡಿಯ ಮೇಲಿನ ಒಂಟಿ ರೂಮು ನನ್ನದು, ಕೆಳಗಿನ ಇಡೀ ಮನೆ ಅವರದು. ಬಾಡಿಗೆಗೆ ಬಂದವರೆಲ್ಲ ಕರೆಯುವ ಹಾಗೆ ನಾನೂ ಅವರನ್ನು ಓನರ್ ಆಂಟಿ ಎಂದೇ ಕರೆಯುತ್ತಿದ್ದೆ. ಬಾಗಲಕೋಟೆ ಕಡೆಯವಳಾದ ನನ್ನ ಮಾತು ಅವರಿಗೆ ತಮಾಷೆ. ಮಾತಿಗೊಂದು 'ರೀ' ಹಚ್ಚಿದರೆ, ನಮ್ಮ ಕಡೆ ಗಂಡನನ್ನು ಮಾತ್ರ ಹಾಗೆ ಕರೆಯುತ್ತೇವೆ, ನೀನು ಹಾಲಿನವನಿಗೂ ರೀ ಅನ್ನುತ್ತೀಯಲ್ಲ ಎಂದು ನಗುತ್ತಿದ್ದರು. ಅವರ ಗಂಡ ದೊಡ್ಡ ಹುದ್ದೆಯಿಂದ ನಿವೃತ್ತರಾದವರು. ಇಸ್ತ್ರಿ ಮಾಡಿದ ಅಂಗಿ, ಮೆಲುದನಿ, ಪಾರ್ಕಿನಲ್ಲಿ ವಾಕಿಂಗ್ ಮಾಡುವವರ ಸಂಘಕ್ಕೆ ಅವರೇ ಹಿರಿಯರು. ಮನೆ ನೋಡಲು ಬಂದ ದಿನ ನನ್ನ ಅಪ್ಪ, ಇಂಥ ದೇವರಂಥ ಮನುಷ್ಯರ ಮನೆ ಸಿಕ್ಕಿತಲ್ಲ ಎಂದು ನೆಮ್ಮದಿಯಿಂದ ಊರಿಗೆ ಹೋಗಿದ್ದರು.

ವಾರದ ರಜೆಯ ದಿನ ನಾನು ಟೆರೇಸಿನಲ್ಲಿ ಕೂತು ಮೊಬೈಲಿನಲ್ಲಿ ಶೂಟಿಂಗ್ ಆಟ ಆಡುತ್ತಿದ್ದೆ. ವಿಮಾನದಿಂದ ದ್ವೀಪಕ್ಕೆ ಹಾರುವುದು, ಬಂದೂಕು ಹುಡುಕುವುದು, ಕಂಡವರನ್ನು ಕೊಲ್ಲುವುದು, ಕೊನೆಗೆ ಉಳಿದವನೇ ಗೆದ್ದವನು. ಅದನ್ನು ರೆಕಾರ್ಡ್ ಮಾಡಿ, ನೂರಿಪ್ಪತ್ತು ಮಂದಿಯೂ ನೋಡದ ನನ್ನದೊಂದು ಚಾನೆಲ್‌ಗೆ ಹಾಕುವ ಹುಚ್ಚು ನನಗಿತ್ತು. ಸಂಡಿಗೆ ಒಣಹಾಕಲು ಬಂದ ಆಂಟಿ ಒಂದು ದಿನ ನನ್ನ ಹೆಗಲ ಮೇಲಿಂದ ಬಗ್ಗಿ ನೋಡಿ, "ಅವ್ನಿಗ್ಯಾಕಮ್ಮ ಹೊಡ್ದೆ? ಏನ್ ಮಾಡಿದ್ದ ಅವ್ನು ನಿಂಗೆ?" ಎಂದು ಕೇಳಿದರು. ಏನೂ ಮಾಡಿರಲಿಲ್ಲ, ಎದುರಿಗೆ ಬಂದಿದ್ದ ಅಷ್ಟೆ ಎಂದೆ. ಸಂಡಿಗೆ ತಟ್ಟೆ ಬದಿಗಿಟ್ಟು, ನನಗೂ ಹೇಳಿಕೊಡು ಎಂದರು.

ಮೊದಮೊದಲು ಗುರಿ ಹಿಡಿಯಲು ಬಾರದೆ ಆಕಾಶಕ್ಕೇ ಗುಂಡು ಹಾರಿಸುತ್ತಿದ್ದರು. ಆದರೆ ಕಿವಿ ಮಾತ್ರ ಬಲು ಚುರುಕು. ಈ ಆಟದಲ್ಲಿ ಶತ್ರು ಕಣ್ಣಿಗೆ ಬೀಳುವ ಮೊದಲು ಅವನ ಹೆಜ್ಜೆ ಸಪ್ಪಳ ಕೇಳಿಸುತ್ತದೆ. ಇಯರ್‌ಫೋನ್ ಹಾಕಿಕೊಂಡರೂ ನನಗೆ ಗೊತ್ತಾಗದ್ದು, ಪಕ್ಕದಲ್ಲಿ ಬರಿಗಿವಿಯಲ್ಲಿ ಕೂತ ಅವರಿಗೆ ಗೊತ್ತಾಗುತ್ತಿತ್ತು. ಎಡಕ್ಕೆ ಮೆಟ್ಟಿಲ ಮೇಲಿದ್ದಾನೆ, ನಿಧಾನವಾಗಿ ಬರುತ್ತಿದ್ದಾನೆ, ನಿಧಾನಕ್ಕೆ ಬರುವವನೇ ಅಪಾಯ ಎನ್ನುತ್ತಿದ್ದರು. ಹೇಳಿದ ಹಾಗೇ ಆಗುತ್ತಿತ್ತು. ನಾನು ಅದನ್ನು ದೈವದತ್ತ ಪ್ರತಿಭೆ ಎಂದುಕೊಂಡು ಹೊಗಳುತ್ತಿದ್ದೆ. ಆಟದಲ್ಲಿ ಸತ್ತರೆ ಅವರಿಗೆ ಬೇಸರವಿಲ್ಲ. "ಸತ್ತೆ. ಕಾಫಿ ಕುಡಿಯೋಣ ಬಾ" ಎಂದು ಏಳುತ್ತಿದ್ದರು. ಬೆಲ್ಲ ಹಾಕಿ ಮಾಡುತ್ತಿದ್ದ ಅವರ ಕಾಫಿಗೆ ಹೆದರಿಯೇ ನಾನು ಎಷ್ಟೋ ಸಲ ಅವರನ್ನು ಬದುಕಿಸಿಕೊಂಡಿದ್ದೇನೆ.

ಕೆಲವು ತಿಂಗಳಾದ ಮೇಲೆ, ನಿನ್ನಂತೆ ರೆಕಾರ್ಡ್ ಮಾಡುವುದನ್ನೂ ಕಲಿಸು ಎಂದರು. ಎಲ್ಲಿ ತಪ್ಪಿದೆ ಎಂದು ಆಮೇಲೆ ನೋಡಿಕೊಳ್ಳಬಹುದಲ್ಲ ಎಂಬುದು ಅವರು ಕೊಟ್ಟ ಕಾರಣ. ಕಲಿಸಿದೆ. ಕರೆ ಬಂದರೆ ರೆಕಾರ್ಡಿಂಗ್ ನಿಲ್ಲದ ಹಾಗೆ ಮಾಡುವುದು, ಮೈಕ್ ಆನ್ ಮಾಡುವುದು, ಆಡುತ್ತ ಆಡುತ್ತ ಮಾತಾಡುವುದು. ಬರೀ ಗುಂಡಿನ ಸದ್ದು ಕೇಳಿದರೆ ನೋಡುವವರಿಗೆ ಏನೂ ತಿಳಿಯುವುದಿಲ್ಲ, ಏನು ಆಗುತ್ತಿದೆ ಎಂದು ನಾವೇ ಬಾಯಿಬಿಟ್ಟು ಹೇಳುತ್ತಿರಬೇಕು ಎಂದು ದೊಡ್ಡ ಮೇಷ್ಟರ ಹಾಗೆ ಉಪದೇಶಿಸಿದೆ. ಅವರು ತಲೆಯಾಡಿಸಿದರು. ಆದರೆ ನಾಚಿಕೆಯೋ ಏನೋ, ಎರಡು ದಿನ ಬಿಟ್ಟು ಅವರ ವಿಡಿಯೋ ತೆರೆದು ನೋಡಿದರೆ ಒಂದು ಮಾತೂ ಇರಲಿಲ್ಲ. ಕುಕ್ಕರ್ ಕೂಗುವುದು, ಟಿವಿ ವಾರ್ತೆ, ಪಕ್ಕದ ಮನೆಯ ನಾಯಿ, ಇಷ್ಟೇ. ಮಾತಾಡದವರಿಗೆ ಮೈಕ್ ಯಾಕೆ ಎಂದು, ಆಟದ ಸದ್ದು ಮಾತ್ರ ಬರುವ ಹಾಗೆ ಸೆಟ್ಟಿಂಗ್ ಬದಲಿಸಿ ಫೋನ್ ವಾಪಸ್ ಕೊಟ್ಟೆ. ಕೇಳದೆ ಮಾಡಿದ ಉಪಕಾರ. ಅವರಿಗೆ ಹೇಳಬೇಕು ಅನ್ನಿಸಲೂ ಇಲ್ಲ.

ಇಷ್ಟು ದಿನ ಅದೇ ಮನೆಯ ಮೇಲಿದ್ದೂ ನಿನಗೇನೂ ಗೊತ್ತಿರಲಿಲ್ಲವೇ ಎಂದು ಯಾರಾದರೂ ಕೇಳಬಹುದು. ಗೊತ್ತಿತ್ತು ಎಂದರೂ ಸುಳ್ಳು, ಇರಲಿಲ್ಲ ಎಂದರೂ ಸುಳ್ಳು. ಒಮ್ಮೊಮ್ಮೆ ಕೆಳಗೆ ಟಿವಿ ಒಮ್ಮೆಲೇ ಜೋರಾಗುತ್ತಿತ್ತು. ಮಂಚ ಎಳೆದಂಥ, ಮೂಟೆ ಬಿದ್ದಂಥ ಸದ್ದು. ಮರುದಿನ ಆಂಟಿ ತುಂಬುತೋಳಿನ ರವಿಕೆ ತೊಟ್ಟಿರುತ್ತಿದ್ದರು. ಬಾಡಿಗೆಗಿದ್ದವಳಿಗೆ ಓನರ್ ಮನೆಯ ಸದ್ದು ಕೇಳಿಸಬಾರದು ಎಂದು ನನಗೆ ಯಾರೂ ಕಲಿಸಿರಲಿಲ್ಲ, ನಾನೇ ಕಲಿತಿದ್ದೆ.

ಒಂದು ಸೋಮವಾರ ಬೆಳಿಗ್ಗೆ ಆಂಟಿ ಮಹಡಿ ಹತ್ತಿ ಬಂದರು. ಕೈಯಲ್ಲಿ ಸಂಡಿಗೆ ತಟ್ಟೆ ಇರಲಿಲ್ಲ. ಎಡಗಣ್ಣಿನ ಕೆಳಗೆ ಕಪ್ಪುಗಟ್ಟಿತ್ತು. ಫೋನನ್ನು ನನ್ನ ಮುಂದಿಟ್ಟು, "ಇದ್ರಲ್ಲಿ ಮಾತ್ಯಾಕೆ ಬಂದಿಲ್ಲ?" ಎಂದರು.

ನೋಡಿದೆ. ಹನ್ನೊಂದು ನಿಮಿಷದ ವಿಡಿಯೋ. ನಾಲ್ಕು ನಿಮಿಷ ಅವರ ಆಟಗಾರ ಹೊಲದ ಬದುವಿನ ಮೇಲೆ ಸರಿಯಾಗಿಯೇ ಓಡುತ್ತಾನೆ. ಆಮೇಲೆ ಒಮ್ಮೆಲೇ ಆಕಾಶ ನೋಡುತ್ತಾನೆ, ಗಿರಗಿರನೆ ಸುತ್ತುತ್ತಾನೆ, ನಿಂತುಬಿಡುತ್ತಾನೆ. ಯಾರೋ ಬಂದು ಹೊಡೆಯುತ್ತಾರೆ. ಅವನು ಅಲುಗಾಡುವುದಿಲ್ಲ. ಮಂಡಿಯೂರಿ ಬೀಳುತ್ತಾನೆ, ಮತ್ತೆ ಹೊಡೆಯುತ್ತಾರೆ, ಸಾಯುತ್ತಾನೆ. ಗುಂಡಿನ ಸದ್ದು, ಹೆಜ್ಜೆಯ ಸದ್ದು. ಅಷ್ಟೇ.

ಆಂಟಿ ಆ ದಿನ ಎಲ್ಲ ಹೇಳಿದರು, ಅಳದೆ, ಅಡಿಗೆಯ ವಿಷಯ ಹೇಳುವಷ್ಟು ಸಲೀಸಾಗಿ. ಮೂವತ್ತೈದು ವರ್ಷದಿಂದ ಹೊಡೆತ. ತವರುಮನೆ ಗಿರಿನಗರದಲ್ಲಿ, ಅಲ್ಲಿ ಅಣ್ಣ ಇದ್ದಾರೆ. ಅಣ್ಣ ಬಾ ಎಂದರೆ ಮರುಗಳಿಗೆ ಹೊರಟಾರು. ಆದರೆ ಅಣ್ಣನ ಕಣ್ಣಿಗೆ ಭಾವ ಚಿನ್ನದಂಥ ಮನುಷ್ಯ. ತಂಗಿ ಹೇಳಿದ್ದನ್ನು ಒಂದು ದಿನವೂ ನಂಬಿದವರಲ್ಲ. ಕಿವಿಯಾರೆ ಕೇಳಿದರೆ ನಂಬಿಯಾನು ಎಂದು ಹಿಂದೆ ಒಮ್ಮೆ ಫೋನಿನಲ್ಲಿ ವಾಯ್ಸ್ ರೆಕಾರ್ಡರ್ ಹಾಕಿಟ್ಟಿದ್ದರಂತೆ. ಅಂಕಲ್ ದಿನಾ ಸಂಜೆ ವಾಕಿಂಗ್ ಮುಗಿಸಿ ಬಂದು ಹೆಂಡತಿಯ ಫೋನ್ ತೆಗೆದು ಒಂದೊಂದೇ ನೋಡುವವರು. ಸಿಕ್ಕಿಬಿತ್ತು. ಫೋನನ್ನು ಒಗೆಯುವ ಕಲ್ಲಿಗೆ ಬಡಿದು ಪುಡಿ ಮಾಡಿದರು. ಆಮೇಲೆ ರೆಕಾರ್ಡ್ ಒತ್ತಿದ ಬೆರಳು ಯಾವುದು ಎಂದು ಕೇಳಿದರಂತೆ. ಆಂಟಿ, ಕಡಿಮೆ ಕೆಲಸಕ್ಕೆ ಬರುವುದು ಅದೇ ಎಂದು, ಕಿರುಬೆರಳು ತೋರಿಸಿದರಂತೆ. ಅವರು ಅದನ್ನು ಹಿಂದಕ್ಕೆ ಮಡಚಿದರು.

ಆಟದ ವಿಡಿಯೋ ಆದರೆ ಅವರಿಗೆ ಅನುಮಾನ ಬರುತ್ತಿರಲಿಲ್ಲ. ಎರಡು ಸೆಕೆಂಡ್ ಢಂ ಢಂ ಕೇಳಿ ಮುಂದಕ್ಕೆ ಹೋಗುತ್ತಿದ್ದರು. ಅದಕ್ಕೇ ಆಂಟಿ ಆಟ ಕಲಿತದ್ದು, ಅದಕ್ಕೇ ರೆಕಾರ್ಡ್ ಕಲಿತದ್ದು. ಹಿಂದಿನ ವಾರ ಹೊಡೆತ ಬಿದ್ದಾಗ ಆಟ ನಡೆಯುತ್ತಿತ್ತು. ಸಿಕ್ಕಿತು ಎಂದುಕೊಂಡರು. ಅದನ್ನು ಮತ್ತೆ ಕೇಳುವ ಧೈರ್ಯವಾಗದೆ, ಹಾಗೇ ಭಾನುವಾರ ಅಣ್ಣನ ಮನೆಗೆ ಒಯ್ದು ಎಲ್ಲರ ಮುಂದೆ ಹಾಕಿದರು. ಗುಂಡಿನ ಸದ್ದು ಕೇಳಿ ಮಕ್ಕಳು ನಕ್ಕರಂತೆ. ಅಣ್ಣ ಅಲ್ಲಿಂದಲೇ ಭಾವನಿಗೆ ಫೋನ್ ಮಾಡಿ, ತಂಗಿಗೆ ಗೇಮ್ ಹುಚ್ಚು ಹಿಡಿದಿದೆ, ಸ್ವಲ್ಪ ನೋಡಿಕೊಳ್ಳಿ ಎಂದರಂತೆ. ಅತ್ತಿಗೆ, ಗಂಡ ಹೆಂಡಿರ ಜಗಳ ಉಂಡು ಮಲಗುವ ತನಕ ಎಂದು ಗಾದೆ ಹೇಳಿ ಅರಿಶಿನ ಕುಂಕುಮ ಕೊಟ್ಟು ಕಳಿಸಿದರಂತೆ. ಮನೆಗೆ ಬಂದ ಮೇಲೆ ಬಿದ್ದದ್ದು ಕಣ್ಣಿನ ಕೆಳಗಿನ ಪೆಟ್ಟು.

"ಮೈಕ್ ನಾನ ಬಂದ್ ಮಾಡಿದ್ದು ಆಂಟಿ. ಚಂದ ಬರ್ಲಿ ಅಂತ ಮಾಡಿದ್ನಿರಿ" ಎಂದೆ.

ಬೈಯುತ್ತಾರೆ ಎಂದುಕೊಂಡೆ. ಬೈದಿದ್ದರೆ ಎಷ್ಟೋ ಒಳ್ಳೆಯದಿತ್ತು. ಅವರು ನನ್ನನ್ನೇ ನೋಡುತ್ತಿದ್ದು, ಸೀದುಹೋದ ದೋಸೆಯ ಬಗ್ಗೆ ಹೇಳುವಂತೆ, "ಸರಿ ಬಿಡು. ಇನ್ನೊಂದ್ಸಲ ಹೊಡೆಸ್ಕೊಂಡ್ರಾಯ್ತು" ಎಂದರು.

ಪೊಲೀಸರ ಹತ್ತಿರ ಹೋಗೋಣ ಎಂದೆ. ಸ್ಟೇಷನ್ನಿನವರೂ ಪಾರ್ಕಿಗೆ ಬರುತ್ತಾರೆ, ನಮ್ಮ ಯಜಮಾನರಿಗೆ ಕುರ್ಚಿ ಹಾಕಿ ಕೂರಿಸಿ ನನ್ನನ್ನು ಮನೆಗೆ ಕಳಿಸುತ್ತಾರೆ ಎಂದರು. ನನ್ನ ರೂಮಿಗೆ ಬಂದುಬಿಡಿ ಎಂದೆ. ಹದಿನಾರು ಮೆಟ್ಟಿಲು ಹತ್ತಲು ನಿನ್ನ ಅಂಕಲ್‌ಗೆ ಎಷ್ಟು ಹೊತ್ತು ಬೇಕು ಎಂದು ಕೇಳಿದರು. ಆಮೇಲೆ ತಾವೇ ಸೆಟ್ಟಿಂಗ್ ತೆರೆದು ಮೈಕ್ ಆನ್ ಮಾಡಿ, ಒಂದು ಎರಡು ಮೂರು ಎಂದು ಹೇಳಿ, ತಿರುಗಿ ಹಾಕಿ ಕೇಳಿ, ಸರಿಯಾಗಿದೆ ಎಂದು ಇಳಿದು ಹೋದರು.

ಆಮೇಲಿನ ಹನ್ನೆರಡು ದಿನ ನಾನು ಆಫೀಸಿನಲ್ಲಿ ಕೂತಲ್ಲಿ ಕೂರಲಾರದೆ ಇದ್ದೆ. ಇವತ್ತು ಹೊಡೆತ ಬೀಳದಿರಲಿ ಎಂದು ಬೇಡಿಕೊಳ್ಳಬೇಕೋ, ಬಿದ್ದು ಮುಗಿಯಲಿ ಎಂದು ಬೇಡಿಕೊಳ್ಳಬೇಕೋ ತಿಳಿಯಲಿಲ್ಲ. ಹದಿಮೂರನೆಯ ದಿನ ಭಾನುವಾರ, ನನಗೆ ರಜೆ. ಮಧ್ಯಾಹ್ನ ಊಟದ ಹೊತ್ತಿಗೆ ಕೆಳಗೆ ಟಿವಿ ಜೋರಾಯಿತು.

ಓಡಿ ಹೋಗಿ ಬಾಗಿಲು ಬಡಿದೆ. ಅಂಗೈ ಉರಿಯುವವರೆಗೆ ಬಡಿದೆ. ಎದುರು ಮನೆಯವರು ಕಿಟಕಿಗೆ ಬಂದು, ನೋಡಿ, ಪರದೆ ಎಳೆದುಕೊಂಡರು. ಎಷ್ಟೋ ಹೊತ್ತಿನ ಮೇಲೆ ಅಂಕಲ್ ಬಾಗಿಲು ತೆಗೆದರು. ಅಂಗಿಯ ತೋಳು ಮಡಚಿತ್ತು, ಬೇರೇನೂ ವ್ಯತ್ಯಾಸವಿಲ್ಲ. "ಆಂಟಿ ಜಾರಿ ಬಿದ್ಬಿಟ್ಟಿದಾರಮ್ಮ. ಒಂದು ಆಟೋ ಕರೀತೀಯಾ?" ಎಂದರು. ಅವರ ಹಿಂದೆ ಅಡಿಗೆಮನೆಯ ನೆಲದ ಮೇಲೆ ಸಾರು, ಅನ್ನ, ರಕ್ತ ಕಲಸಿಹೋಗಿತ್ತು. ಆಂಟಿ ಗೋಡೆಗೆ ಒರಗಿದ್ದರು. ಹಣೆ ಸೀಳಿತ್ತು. ಒಂದು ಹಲ್ಲು ಸೆರಗಿನ ಮೇಲೆ ಬಿದ್ದಿತ್ತು. ಬಲಗೈ ಮೊಣಕೈಯಿಂದ ಕೆಳಗೆ ಯಾವ ಕೈಯೂ ತಿರುಗಬಾರದ ಕಡೆಗೆ ತಿರುಗಿತ್ತು. ನನ್ನನ್ನು ಕಂಡು ಅವರು ಹೇಳಿದ್ದು ಎರಡೇ ಮಾತು. "ಫೋನ್ ತಗೋ."

ಸ್ಟವ್ ಪಕ್ಕದಲ್ಲಿ ಬಿದ್ದಿತ್ತು. ಆಟ ಇನ್ನೂ ನಡೆಯುತ್ತಿತ್ತು. ಕುಪ್ಪಸದೊಳಗೆ ತುರುಕಿಕೊಂಡೆ. ಆಂಟಿಯನ್ನು ಆಟೋಗೆ ಹತ್ತಿಸಲು ಅಂಕಲ್ಲೇ ಕೈಕೊಟ್ಟರು. ಹಂಪ್ ಬಂದಲ್ಲಿ ನಿಧಾನವಾಗಿ ಓಡಿಸಪ್ಪ ಎಂದು ಆಟೋದವನಿಗೆ ಹೇಳಿದರು. ಮನೆಗೆ ಬೀಗ ಹಾಕಿ ಹಿಂದೆಯೇ ಬರುತ್ತೇನೆ ಎಂದರು. ನೆಲ ಒರೆಸಲು ಉಳಿದರು ಎಂದು ಈಗಲೂ ನನ್ನ ನಂಬಿಕೆ. ಅವರ ಕತ್ತು ಹಿಸುಕಿಬಿಡಬೇಕು ಅನ್ನಿಸಿತ್ತು. ಆ ಆಸೆ ಇವತ್ತಿಗೂ ಹೋಗಿಲ್ಲ, ಅದನ್ನು ಮುಚ್ಚಿಡುವುದೂ ಇಲ್ಲ.

ಆಸ್ಪತ್ರೆಗೆ ಅಣ್ಣನನ್ನು ನಾನೇ ಕರೆಸಿದೆ. ಜಾರಿ ಬಿದ್ದಳಂತೆ, ಭಾವ ಫೋನ್ ಮಾಡಿದ್ದರು ಎನ್ನುತ್ತಲೇ ಬಂದರು. ಆಂಟಿಯ ಮಂಚದ ಪಕ್ಕದಲ್ಲೇ ಕೂರಿಸಿ, ಇಯರ್‌ಫೋನಿನ ಒಂದು ತುದಿ ಅವರ ಕಿವಿಗೆ, ಇನ್ನೊಂದು ನನ್ನ ಕಿವಿಗೆ ಇಟ್ಟು ವಿಡಿಯೋ ಹಾಕಿದೆ.

ಮೊದಲು ಗುಂಡಿನ ಸದ್ದು. ಆಮೇಲೆ ಅಂಕಲ್‌ನ ಮೆಲುದನಿ: ಸಾರಿಗೆ ಎಷ್ಟು ಉಪ್ಪು ಹಾಕಿದ್ದೀಯ? ಮೂವತ್ತೈದು ವರ್ಷ ಅಡಿಗೆ ಮಾಡಿದ ಕೈಗೆ ಉಪ್ಪು ಹಾಗೆಲ್ಲ ತಪ್ಪುವುದಿಲ್ಲ. ಬೇಕೆಂದೇ ಹಾಕಿದ್ದರು. ಟಿವಿ ಜೋರಾಯಿತು. ಅದರ ಮೇಲೆ, ಯಾವತ್ತೂ ರೆಕಾರ್ಡಿಂಗಿನಲ್ಲಿ ಬಾಯಿಬಿಡದ ಆಂಟಿಯ ದನಿ, ನಾನು ಹೇಳಿಕೊಟ್ಟ ಹಾಗೆ, ಒಂದೊಂದನ್ನೇ ಬಿಡಿಸಿ ಹೇಳುತ್ತಿತ್ತು. "ಕುಕ್ಕರ್ ಮುಚ್ಚಳದಲ್ಲಿ ತಲೆಗೆ ಹೊಡೆದ್ರಿ." ಸದ್ದು. "ತಲೇನ ಗೋಡೆಗೆ ಗುದ್ದಿಸ್ತಿದೀರಿ." ಮತ್ತೆ ಸದ್ದು. "ಈಗ ಬಲಗೈ ತಿರುಚ್ತಿದೀರಿ." ಒಣಕಟ್ಟಿಗೆ ಮುರಿದಂತಾಯಿತು. ಸ್ವಲ್ಪ ಹೊತ್ತು ಉಸಿರು ಮಾತ್ರ. ಆಮೇಲೆ, "ಮುರೀತು."

ಅಣ್ಣ ಇಯರ್‌ಫೋನ್ ಕಿತ್ತು, ಸಾಕು ಎಂದರು. ಆಂಟಿ ಮಲಗಿದ್ದಲ್ಲಿಂದಲೇ, "ಪೂರ್ತಿ ಕೇಳಣ್ಣ" ಎಂದರು. ಅವರು ಮತ್ತೆ ಕಿವಿಗಿಟ್ಟುಕೊಂಡು, ನಾನು ಬಾಗಿಲು ಬಡಿಯುವುದು ಕೇಳಿಸುವವರೆಗೂ ತಲೆ ಎತ್ತದೆ ಕೇಳಿದರು. ಆಮೇಲೆ ಆ ದೊಡ್ಡ ಮನುಷ್ಯ ತಂಗಿಯ ಕಾಲಿನ ಬಳಿ ಕೂತು ಗೊಳೋ ಎಂದು ಅತ್ತರು. ಅಳು ನಿಂತ ಮೇಲೆ ಕೇಳಿದರು, ಹಾಗಾದರೆ ಅವತ್ತು ನಮ್ಮ ಮನೆಗೆ ತಂದದ್ದರಲ್ಲಿ ಧ್ವನಿ ಯಾಕಿರಲಿಲ್ಲ?

ನಾನು ಬಾಯಿ ತೆರೆಯುವಷ್ಟರಲ್ಲಿ ಆಂಟಿ, ಒಡೆದ ತುಟಿಯಲ್ಲಿ, "ಮೈಕ್ ಒತ್ತೋದು ಮರೆತಿದ್ದೆ ಕಣಣ್ಣ. ನಂಗೇನ್ ಗೊತ್ತಾಗತ್ತೆ ಅದೆಲ್ಲ" ಎಂದರು. ನಾನು ತೆರೆದ ಬಾಯಿ ಮುಚ್ಚಿಕೊಂಡೆ.

ಅಂಕಲ್ ಮೇಲೆ ಕೇಸಾಯಿತು, ಅದು ನಡೆಯುತ್ತಲೇ ಇದೆ. ಆಂಟಿ ಗಿರಿನಗರದಲ್ಲಿ ಎರಡು ವರ್ಷ ಇದ್ದರು. ಕೈಗೆ ರಾಡು ಹಾಕಿದ್ದರಿಂದ ಫೋನನ್ನು ಹೆಚ್ಚು ಹೊತ್ತು ಹಿಡಿಯಲಾಗುತ್ತಿರಲಿಲ್ಲ. ನಾನು ಹೋದಾಗ ನಾನು ಆಡುವುದು, ಅವರು ಕಣ್ಣು ಮುಚ್ಚಿ ಕೇಳುವುದು. ಬರಬರುತ್ತ ಹೆಜ್ಜೆ ಸಪ್ಪಳ ಗುರುತಿಸುವುದರಲ್ಲಿ ತಪ್ಪತೊಡಗಿದರು. ಆ ಕಿವಿಗೆ ಇನ್ನು ಕಾವಲು ಕಾಯುವ ಕೆಲಸವಿಲ್ಲವಲ್ಲ ಎಂದು ನಾನು ಎಷ್ಟು ಸಂತೋಷಪಟ್ಟೆ ಎಂದರೆ, ಬೇಕೆಂದೇ ಅವರು ತಪ್ಪು ತೋರಿಸಿದ ಕಡೆಗೆ ಹೋಗಿ ಸಾಯುತ್ತಿದ್ದೆ. ಕಳೆದ ವರ್ಷ ಒಂದು ಬೆಳಿಗ್ಗೆ, ಹೂ ಕಟ್ಟುತ್ತ ಕೂತವರು ಹಾಗೇ ಪಕ್ಕಕ್ಕೆ ವಾಲಿದರಂತೆ. ಹೃದಯ ನಿಂತಿತ್ತು.

ವೈಕುಂಠ ಸಮಾರಾಧನೆಗೆ ಹೋಗಿದ್ದೆ. ಎಲೆಯ ಮುಂದೆ ಕೂತಾಗ ಅಣ್ಣ ಪಕ್ಕದವರಿಗೆ ಆ ಕಥೆ ಹೇಳುತ್ತಿದ್ದರು. ಮೊದಲ ಸಲವೇ ರೆಕಾರ್ಡ್ ಆಗಿದ್ದರೆ ಅವಳ ಕೈಯಾದರೂ ಉಳಿಯುತ್ತಿತ್ತು, ಪಾಪ, ಫೋನ್ ಸರಿಯಾಗಿ ಬರುತ್ತಿರಲಿಲ್ಲ, ಮೈಕ್ ಒತ್ತುವುದು ಮರೆತುಬಿಟ್ಟಳು ಎಂದರು. ಅತ್ತಿಗೆ ನನಗೆ ಒಬ್ಬಟ್ಟು ಬಡಿಸಿ, ತುಪ್ಪ ಹಾಕಿದರು. ಅಲ್ಲ ಎನ್ನಲು ಒಂದು ಮಾತು ಸಾಕಿತ್ತು. ನಾನು ತಲೆ ತಗ್ಗಿಸಿ ಉಂಡೆ.

ಆಂಟಿಗೆ ಫೋನ್ ನನಗಿಂತ ಚೆನ್ನಾಗಿ ಬರುತ್ತಿತ್ತು. ಅವರು ಏನನ್ನೂ ಮರೆತಿರಲಿಲ್ಲ. ಮೈಕ್ ಆಫ್ ಮಾಡಿದ್ದು ನಾನು.