ಬದಲಿಸದೆ ಬಿಟ್ಟ ಒಂದು ಸಾಲು

ಹಳೇಬೀಡಿನಲ್ಲಿ ಗೈಡ್ ಆಗಿದ್ದ ಹಿರಿಯರೊಬ್ಬರಿಗೆ ವೆಬ್‌ಸೈಟನ್ನೂ ಅದೇ ಹೆಸರಿನ ಇ-ಮೇಲ್ ವಿಳಾಸವನ್ನೂ ಮಾಡಿಕೊಟ್ಟವನು ನಾನು. ದೇವಸ್ಥಾನ ನೋಡಿ ಹೊರಟ ವಿದೇಶಿಯರಿಗೆಲ್ಲ ಅವರು ಆ ಇ-ಮೇಲ್ ವಿಳಾಸದ ಕಾರ್ಡು ಕೊಡುತ್ತಿದ್ದರು. ತಮ್ಮ ಜೊತೆ ತೆಗೆಸಿಕೊಂಡ ಫೋಟೋ ಕಳಿಸಿ ಎನ್ನುತ್ತಿದ್ದರು. ಮೊದಮೊದಲು ಫೋಟೋಗಳು ಬಂದವು. ಆಮೇಲೆ ಎರಡು ವರ್ಷ ಒಂದೂ ಬರಲಿಲ್ಲ.

"ಸೈಟ್ ಚೆನ್ನಾಗೇ ತೆರ್ಕೊಳ್ತಿದೆ. ಅವ್ರೇ ಮರ್ತಿರ್ತಾರೆ ಬಿಡ್ರೀ," ಎಂದು, ಅವರು ಕೇಳಿದಾಗ ರೇಗಿದ್ದೆ.

ಒಂದು ಮಧ್ಯಾಹ್ನ ಅರಸೀಕೆರೆಯಲ್ಲಿ ರೈಲು ತಡವಾಯಿತು. ಸೈಬರ್ ಸೆಂಟರಿನಲ್ಲಿ ಕುಳಿತು ಸುಮ್ಮನೆ ಆ ಸೈಟಿನ ಡೊಮೇನ್ ಹೆಸರಿನ ಡಿಎನ್‌ಎಸ್ ದಾಖಲೆಗಳನ್ನು ತೆಗೆದು ನೋಡಿದೆ. ಸೈಟ್ ಎಲ್ಲಿದೆ ಎಂದು ತಿಳಿಸುವ ದಾಖಲೆ ಸರಿಯಾಗಿತ್ತು. ಮೇಲ್ ಎಲ್ಲಿಗೆ ಹೋಗಬೇಕೆಂದು ತಿಳಿಸುವ ಎಂಎಕ್ಸ್ ದಾಖಲೆಯಲ್ಲಿ ಮಾತ್ರ ಎಂದೋ ಮುಚ್ಚಿಹೋದ ಹಳೆಯ ಸರ್ವರಿನ ಹೆಸರಿತ್ತು. ಎರಡು ವರ್ಷದ ಹಿಂದೆ ಸೈಟನ್ನು ಹೊಸ ಸರ್ವರಿಗೆ ಸಾಗಿಸಿದವನು ನಾನೇ. ಆ ಒಂದು ಸಾಲು ಬದಲಿಸಲು ಮರೆತ ಮುಠ್ಠಾಳನೂ ನಾನೇ.

ಸರಿಪಡಿಸಲು ಐದು ನಿಮಿಷ ಹಿಡಿಯಿತು. ಮರುದಿನವೇ ಹಳೇಬೀಡಿಗೆ ಹೋಗಿ ತಪ್ಪೊಪ್ಪಿಕೊಂಡೆ. ಅವರು ಎಲ್ಲ ಕೇಳಿ, ಜೇಬಿನಿಂದ ಕಾರ್ಡುಗಳನ್ನು ತೆಗೆದು ತೋರಿಸಿದರು. ಪ್ರತಿಯೊಂದರಲ್ಲೂ ಇ-ಮೇಲ್ ವಿಳಾಸದ ಮೇಲೆ ಸ್ಕೇಲಿಟ್ಟು ಗೀಟು ಎಳೆದು ಹೊಡೆದುಹಾಕಿದ್ದರು.

"ಇನ್ನು ಬರುತ್ತೆ, ಫೋಟೋ ಕಳಿಸೋಕೆ ಹೇಳಿ," ಎಂದೆ.

"ಯಾವ್ ಫೋಟೋ? ಅವ್ರು ಕ್ಯಾಮೆರಾ ತೆಗೆದ್ರೆ ನಾನೀಗ ಪಕ್ಕಕ್ಕೆ ಸರ್ಕೊಂಡು ಹೋಯ್ತೀನಿ ಕಣ್ರೀ," ಎಂದರು.